ಜೀವನಾಂಶದ ಬಾಕಿ ‘ಬೆಳೆಯಲಿ, ಒಟ್ಟಿಗೆ ಕೇಳೋಣ’ ಅಂದರೆ ಒಪ್ಪಬೇಡಿ

ಫ್ಯಾಮಿಲಿ ಕೋರ್ಟಿನಲ್ಲಿ ಜೀವನಾಂಶದ ಆದೇಶ ಆಯಿತು ಅಂದರೆ ಹಣ ಬಂತು ಅಂತ ಅಲ್ಲ. ಗಂಡ ಕೊಡದಿದ್ದರೆ ಕೋರ್ಟು ತಾನಾಗಿ ಅವನ ಹಿಂದೆ ಬೀಳುವುದಿಲ್ಲ. ಬಾಕಿ ವಸೂಲಿಗೆ ನಾವೇ ಮತ್ತೆ ಅರ್ಜಿ ಹಾಕಬೇಕು. ಅದಕ್ಕೊಂದು ಗಡುವಿದೆ. ಆ ಗಡುವಿನಲ್ಲೇ ನನ್ನ ತಂಗಿಯ ಹಣ ಸಿಕ್ಕಿಹಾಕಿಕೊಂಡಿದೆ.

ತಿಂಗಳಿಗೆ ಎಂಟು ಸಾವಿರ ಅಂತ ಆದೇಶವಾಗಿತ್ತು. ಮೊದಲು ಸರಿಯಾಗಿ ಬಂತು, ಆಮೇಲೆ ನಿಂತುಹೋಯಿತು. ವಕೀಲರನ್ನು ಕೇಳಿದರೆ, “ತಿಂಗಳು ತಿಂಗಳು ಅರ್ಜಿ ಹಾಕೋಕಾಗುತ್ತೇನಮ್ಮಾ? ಬಾಕಿ ಸ್ವಲ್ಪ ಬೆಳೀಲಿ, ಒಟ್ಟಿಗೆ ಹಾಕಿದ್ರೆ ಅವನಿಗೂ ಬಿಸಿ ಮುಟ್ಟುತ್ತೆ” ಅಂದರು. ಅತ್ತ ಗಂಡನ ಕಡೆಯ ಹಿರಿಯರು “ವಾರಂಟ್ ಗಿರಂಟ್ ಯಾಕೆ, ಕೂತು ಮಾತಾಡೋಣ” ಅಂತ ಹಬ್ಬದಿಂದ ಹಬ್ಬಕ್ಕೆ ತಳ್ಳಿದರು.

ಕೊನೆಗೆ ಅರ್ಜಿ ಹಾಕಿದಾಗ ಎದುರು ಪಾರ್ಟಿಯ ವಕೀಲರು ಎದ್ದು ನಿಂತು, ಒಂದು ವರ್ಷಕ್ಕಿಂತ ಹಳೆಯ ಬಾಕಿಗೆ ವಾರಂಟ್ ಕೊಡುವಂತಿಲ್ಲ ಅಂದರು. ಕಾನೂನು ಇರುವುದೇ ಹಾಗೆ. ಮೊದಲು ಅದು ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) 125ನೇ ಸೆಕ್ಷನ್, 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144. ನಂಬರ್ ಬದಲಾಗಿದೆ, ಷರತ್ತು ಬದಲಾಗಿಲ್ಲ: ಹಣ ಕೊಡಬೇಕಾಗಿದ್ದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಬೀಳಬೇಕು. ಹಾಗಂತ ಹಳೆಯ ಬಾಕಿ ಮುಳುಗಿಹೋಯಿತು ಅಂತಲ್ಲ. ಆ ಹಕ್ಕು ಉಳಿಯುತ್ತದೆ, ಸಿವಿಲ್ ದಾರಿಯಲ್ಲಿ ಕೇಳಬಹುದು ಅಂತ ಸುಪ್ರೀಂ ಕೋರ್ಟ್ 2013ರಲ್ಲಿ ಹೇಳಿದೆ. ಆದರೆ ಜೈಲಿನ ಭಯ ಇರುವ ವಾರಂಟ್ ದಾರಿ ಮುಚ್ಚಿಹೋಗುತ್ತದೆ. ಹಣ ಕಕ್ಕಿಸುವುದೇ ಆ ಭಯ ಅಲ್ವಾ! ಮೂರ್ನಾಲ್ಕು ತಿಂಗಳು ತಪ್ಪಿದರೆ ಸುಮ್ನೆ ಕೂರದೆ ಅರ್ಜಿ ಹಾಕಿಸಿ. ರಾಜಿ ಮಾತು ಅದರ ಪಾಡಿಗೆ ನಡೆಯಲಿ.

ಕ್ಯಾಶ್ ಅಂತೂ ಮುಟ್ಟಲೇಬೇಡಿ. ಮಧ್ಯೆ ಅವನ ಅಣ್ಣ ಮನೆಗೆ ಬಂದು ಹತ್ತು ಸಾವಿರ ಕೊಟ್ಟು, ಬಿಳಿ ಹಾಳೆಯ ರಸೀದಿಗೆ ಸಹಿ ಹಾಕಿಸಿಕೊಂಡು ಹೋಗಿದ್ದ. ಕೋರ್ಟಿನಲ್ಲಿ ಆ ಹಾಳೆ ಹೊರಬಂದಾಗ ತಂಗಿಯ ಸಹಿಗೂ ಮೇಲಿನ ಸಾಲಿಗೂ ನಡುವೆ, ಬೇರೆ ಪೆನ್ನಿನಲ್ಲಿ, ಒತ್ತೊತ್ತಾಗಿ ಇನ್ನೊಂದು ಸಾಲು ಬಂದು ಕೂತಿತ್ತು: ‘ಇಲ್ಲಿಯವರೆಗಿನ ಬಾಕಿ ಪೂರ್ತಿ ಸಂದಾಯವಾಗಿದೆ.’ ಅದನ್ನು ಸುಳ್ಳು ಅಂತ ತೋರಿಸುವುದೇ ಇನ್ನೊಂದು ಕೇಸಿನಷ್ಟು ಕೆಲಸ. ಹಣ ಬ್ಯಾಂಕ್ ಖಾತೆಗೇ ಬರಲಿ.

ವಾರಂಟ್ ಹೊರಟರೂ ನಿರಾಳ ಆಗಬೇಡಿ. ನಮ್ಮದು ‘ಸದರಿ ಆಸಾಮಿ ವಿಳಾಸದಲ್ಲಿ ಪತ್ತೆಯಾಗಿಲ್ಲ’ ಎಂಬ ಷರಾ ಹೊತ್ತು ವಾಪಸ್ ಬಂತು. ಪತ್ತೆಯಾಗದ ಆಸಾಮಿ ಅದೇ ವಾರ ಹೊಸ ಬೈಕಿನ ಫೋಟೋ ಸ್ಟೇಟಸ್‌ಗೆ ಹಾಕಿದ್ದ. ಅವನು ಈಗ ಇರುವ ಮನೆ, ಕೆಲಸದ ಜಾಗ ಎಲ್ಲವನ್ನೂ ನೀವೇ ಪತ್ತೆ ಮಾಡಿ ಬರೆದುಕೊಡಬೇಕು. 2020ರ ಸುಪ್ರೀಂ ಕೋರ್ಟ್ ತೀರ್ಪಿನ ಪ್ರಕಾರ ಜೀವನಾಂಶದ ಕೇಸಿನಲ್ಲಿ ಇಬ್ಬರೂ ಆಸ್ತಿ, ಸಾಲದ ಅಫಿಡವಿಟ್ ಸಲ್ಲಿಸಬೇಕು. ಅವನ ಅಫಿಡವಿಟ್‌ನ ನಕಲು ನಿಮ್ಮ ಕೈಯಲ್ಲಿರಲಿ. ಕಂಪನಿ, ಬ್ಯಾಂಕ್ ವಿವರ ಅದರಲ್ಲೇ ಸಿಗುತ್ತದೆ.

ಅವನು ಸಂಬಳದಾರನಾಗಿದ್ದರೆ ಅಮಲ್ಜಾರಿ ಅರ್ಜಿಯಲ್ಲಿ (ಆದೇಶ ಜಾರಿ ಮಾಡಿಸಲು ಹಾಕುವ ಅರ್ಜಿ) ಸಂಬಳ ಜಪ್ತಿ ಕೇಳಿ. ಅದೇ 2020ರ ತೀರ್ಪು ಜೀವನಾಂಶದ ಆದೇಶವನ್ನು ಸಿವಿಲ್ ಡಿಕ್ರಿಯ, ಅಂದರೆ ಸಿವಿಲ್ ಕೋರ್ಟ್ ತೀರ್ಪಿನ ಆಜ್ಞೆಯ, ಹಾಗೆ ಜಾರಿ ಮಾಡಬಹುದು ಅನ್ನುತ್ತದೆ. ಬೇರೆ ಸಾಲಗಳಿಗೆ ಹೋಲಿಸಿದರೆ ಜೀವನಾಂಶದ ಡಿಕ್ರಿಗೆ ಸಂಬಳದಲ್ಲಿ ಜಾಸ್ತಿ ಪಾಲು ಹಿಡಿಯಬಹುದು: ಮೂರನೇ ಒಂದು ಭಾಗ ಮಾತ್ರ ಅವನಿಗೆ ಬಿಡಬೇಕು. “ಜೈಲಿಗೆ ಹೋಗಿ ಬರ್ತೀನಿ, ಬಾಕಿ ಚುಕ್ತಾ” ಅಂತ ಹೆದರಿಸಿದರೂ ಕಿವಿಗೆ ಹಾಕಿಕೊಳ್ಳಬೇಡಿ. ಜೈಲಿಗೆ ಹೋದರೂ ಬಾಕಿ ಬಾಕಿಯೇ.

ತಂಗಿಗೆ ಈಗ ವರ್ಷದೊಳಗಿನ ಬಾಕಿ ಸಂಬಳದಿಂದ ಕಡಿತವಾಗಿ ಬರುತ್ತಿದೆ. ಹಳೆಯದಕ್ಕೆ ಬೇರೆ ಅರ್ಜಿ ಹಾಕಿದ್ದೇವೆ, ವಕೀಲರೂ ಬೇರೆ.