ಹಳೇ ಆಪರೇಷನ್ ಕ್ಯಾಸೆಟ್ ಪೆನ್‌ಡ್ರೈವ್‌ಗೆ: ಕಲಬುರಗಿಯ ಒಂದು ಸ್ಟುಡಿಯೊ ಕೆಲಸ

ಸೂಪರ್ ಮಾರ್ಕೆಟ್ ಕಡೆ ಮದುವೆ ಫೋಟೊ ತೆಗೆಯುವ ಒಂದು ಸ್ಟುಡಿಯೊದವರು ವಿಎಚ್ಎಸ್ ಕ್ಯಾಸೆಟ್‌ಗಳನ್ನು ಪೆನ್‌ಡ್ರೈವ್‌ಗೆ ಹಾಕಿಕೊಡುತ್ತಾರೆ. ಕೆಲಸ ಚೆನ್ನಾಗಿದೆ. ಆದರೆ ಕ್ಯಾಸೆಟ್ ಕೊಡುವಾಗಲೇ ಹೇಳಿಬಿಡಿ, ಬಣ್ಣ ಮುಟ್ಟಬೇಡಿ ಅಂತ.

ನಾನು ಕೊಟ್ಟದ್ದು ಮದುವೆ ಕ್ಯಾಸೆಟ್ ಅಲ್ಲ. ಆಪರೇಷನ್ ಥಿಯೇಟರ್ ನರ್ಸ್ ಆಗಿದ್ದೆ, ಈಗ ನರ್ಸಿಂಗ್ ಹುಡುಗಿಯರಿಗೆ ಪಾಠ ಹೇಳುತ್ತೇನೆ. ಹೃದಯದ ಮೊದಮೊದಲ ಆಪರೇಷನ್‌ಗಳ ಅಮೆರಿಕದ ಫಿಲ್ಮ್‌ಗಳನ್ನು ಇಳಿಸಿಕೊಂಡಿದ್ದ ಕ್ಯಾಸೆಟ್ ಅದು. ನಮ್ಮ ಹಿರಿಯ ಸರ್ಜನ್ ನಿವೃತ್ತರಾಗುವಾಗ ನನಗೆ ಕೊಟ್ಟಿದ್ದರು. ಟೇಪಿಗೆ ಬೂಷ್ಟು ಹಿಡಿದಿತ್ತು. ಸ್ಟುಡಿಯೊದವರು ಬಿಚ್ಚಿ, ನಿಧಾನವಾಗಿ ಒರೆಸಿ, ಆಮೇಲೆ ಓಡಿಸಿದರು. ಗೆರೆಗಳು ಹೋಗಿವೆ, ದನಿಯೂ ಸ್ಪಷ್ಟ.

"ಅಕ್ಕೋರೆ, ಬಾಳ ಡಲ್ ಇತ್ತು, ಬ್ರೈಟ್ ಮಾಡೀನ್ರಿ" ಅಂದರು. ಹಾಕಿ ನೋಡಿದರೆ ನೀಲಿಗಟ್ಟಿದ ಮಗುವೂ ಕೆಂಪಗಿದೆ! ಆ ಆಪರೇಷನ್ ಅರ್ಥವಾಗುವುದೇ ಬಣ್ಣದಿಂದ. 1944ರ ನವೆಂಬರ್ 29ರಂದು ಅಮೆರಿಕದ ಜಾನ್ಸ್ ಹಾಪ್ಕಿನ್ಸ್ ಆಸ್ಪತ್ರೆಯಲ್ಲಿ ಸರ್ಜನ್ ಆಲ್ಫ್ರೆಡ್ ಬ್ಲಾಲಾಕ್ ಅದನ್ನು ಮೊದಲ ಸಲ ಮಾಡಿದರು. ಶ್ವಾಸಕೋಶಕ್ಕೆ ರಕ್ತ ಸಾಲದೆ ಮೈ ನೀಲಿಗಟ್ಟುವ ಮಕ್ಕಳಿಗೆ, ಕೈಗೆ ಹೋಗುವ ರಕ್ತನಾಳವನ್ನು ಶ್ವಾಸಕೋಶದ ನಾಳಕ್ಕೆ ಹೊಲಿಯುವುದು. ಯೋಚನೆ ಮುಂದಿಟ್ಟವರು ಅಲ್ಲಿನ ಮಕ್ಕಳ ಹೃದಯದ ಡಾಕ್ಟರ್ ಹೆಲೆನ್ ಟಾಸಿಗ್. ನಾಯಿಗಳ ಮೇಲೆ ಮಾಡಿ ಪಳಗಿದ್ದವರು ಬ್ಲಾಲಾಕ್ ಅವರ ಲ್ಯಾಬ್ ಸಹಾಯಕ ವಿವಿಯನ್ ಥಾಮಸ್. ಡಾಕ್ಟರ್ ಡಿಗ್ರಿ ಇಲ್ಲದ ಥಾಮಸ್, ಅವತ್ತು ಬ್ಲಾಲಾಕ್ ಹಿಂದೆ ಸ್ಟೂಲ್ ಮೇಲೆ ನಿಂತು ಹೇಳಿಕೊಟ್ಟರು. ಅವರ ಹೆಸರನ್ನು ನಾನು ಪ್ರತಿ ಬ್ಯಾಚಿಗೂ ಹೇಳುತ್ತೇನೆ. ನಾಳ ಹಿಡಿದಿಟ್ಟ ಕ್ಲಾಂಪ್ ಬಿಟ್ಟಾಗ ತುಟಿ ನೀಲಿಯಿಂದ ಗುಲಾಬಿಗೆ ತಿರುಗುವುದು ಕಾಣದಿದ್ದರೆ ಆ ಫಿಲ್ಮ್ ತೋರಿಸಿ ಏನು ಮಾಡಲಿ?

ಇದನ್ನೆಲ್ಲ ಹೇಳಿದೆ. ಹುಡುಗ ಪೂರ್ತಿ ಕೇಳಿದ. ಏನೂ ತಿದ್ದದೆ ಮತ್ತೆ ಮಾಡಿಕೊಟ್ಟ, ಎರಡನೇ ಸಲ ದುಡ್ಡು ಕೇಳಲಿಲ್ಲ.

ಮೈಟ್ರಲ್ ಕವಾಟದ, ಅಂದರೆ ಹೃದಯದ ಎಡಗಡೆಯ ಎರಡು ಕೋಣೆಗಳ ನಡುವಿನ ಬಾಗಿಲಿನ, ಆಪರೇಷನ್ ಭಾಗ ಈಗ ತುಂಬಾ ಚೆನ್ನಾಗಿ ಬಂದಿದೆ. ರುಮ್ಯಾಟಿಕ್ ಜ್ವರದಿಂದ ಅಂಟಿಕೊಂಡ ಕವಾಟ ಬಿಡಿಸುವುದರಲ್ಲಿ 1948ರ ಜೂನ್‌ನಲ್ಲಿ ಅಮೆರಿಕದ ಸರ್ಜನ್‌ಗಳಾದ ಚಾರ್ಲ್ಸ್ ಬೇಲಿ, ಡ್ವೈಟ್ ಹಾರ್ಕೆನ್ ಕೆಲವೇ ದಿನಗಳ ಅಂತರದಲ್ಲಿ ಗೆದ್ದರು. ಹೃದಯ, ಶ್ವಾಸಕೋಶದ ಕೆಲಸವನ್ನು ಹೊರಗಿನಿಂದ ಮಾಡುವ ಹಾರ್ಟ್-ಲಂಗ್ ಮೆಷಿನ್ ಇಟ್ಟು ಸರ್ಜನ್ ಜಾನ್ ಗಿಬ್ಬನ್ ಗೆದ್ದದ್ದು ಆಮೇಲೆ, 1953ರಲ್ಲಿ. ಅಂದರೆ ಈ ಫಿಲ್ಮ್‌ನಲ್ಲಿ ಮೆಷಿನ್ ಇಲ್ಲ, ಹೃದಯ ಬಡಿಯುತ್ತಲೇ ಇರುತ್ತದೆ. ಎಡ ಮೇಲ್ಕೋಣೆಯ ತುದಿಗೆ ಸುತ್ತ ಪರ್ಸ್ ಸ್ಟ್ರಿಂಗ್ ಹೊಲಿಗೆ (ಚೀಲದ ಬಾಯಿಯ ದಾರದಂತೆ ಎಳೆದರೆ ಬಿಗಿಯುವ ಹೊಲಿಗೆ) ಹಾಕಿ, ಕತ್ತರಿಸಿ, ಬೆರಳು ತೂರಿಸುತ್ತಾರೆ. ಆಮೇಲೆ ಒಳಗಿನದ್ದು ಕ್ಯಾಮೆರಾಗೂ ಕಾಣದು, ಸರ್ಜನ್‌ಗೂ ಕಾಣದು. ಎಲ್ಲ ಬೆರಳಿನ ತುದಿಗೇ ಗೊತ್ತಾಗಬೇಕು. ನಾನು ಹುಡುಗಿಯರಿಗೆ ತೋರಿಸುವುದು ಆ ದಾರ ಬಿಗಿಹಿಡಿದ ಅಸಿಸ್ಟೆಂಟ್ ಕೈ. ಬೆರಳಿನ ಸುತ್ತ ದಾರ ಸಡಿಲವಾದರೆ ರಕ್ತ ಚಿಮ್ಮುತ್ತದೆ, ಅಲ್ವಾ?

ಕ್ಯಾಸೆಟ್‌ಗೆ 400 ರೂಪಾಯಿ. ಮದುವೆ ಸೀಸನ್‌ನಲ್ಲಿ ಕೊಟ್ಟರೆ ತಡ ಜಾಸ್ತಿ. ಮೂಲ ಕ್ಯಾಸೆಟ್ ಮರೆಯದೆ ವಾಪಸ್ ಇಸ್ಕೊಳ್ಳಿ.