ಆರು ಮಳೆಗಾಲ ಕಂಡ ಸ್ಮಾರ್ಟ್ ಕೀ: ಕೊಡಗಿನಿಂದ ಒಂದು ಬಳಕೆದಾರರ ವಿಮರ್ಶೆ

ನಾವು ಈ ಕಾರನ್ನು ಕೊಂಡದ್ದು 2019ರ ಅಕ್ಟೋಬರ್‌ನಲ್ಲಿ. ನಾಪೋಕ್ಲು ಸಮೀಪದ ತೋಟದ ಮನೆಯಿಂದ ಮಡಿಕೇರಿಗೆ, ವಿರಾಜಪೇಟೆಗೆ, ವರ್ಷಕ್ಕೆ ನಾಲ್ಕೈದು ಬಾರಿ ಮೈಸೂರಿಗೆ ಓಡಾಡಿ ಇಂದಿಗೆ 78,000 ಕಿಲೋಮೀಟರ್ ದಾಟಿದೆ. ಎಂಜಿನ್, ಮೈಲೇಜ್, ಡಿಕ್ಕಿಯ ವಿಸ್ತಾರ ಮುಂತಾದವನ್ನು ಓದುಗರು ಬೇರೆಡೆ ಸಾಕಷ್ಟು ಓದಿರುತ್ತಾರೆಂದು ಭಾವಿಸಿ ಇಲ್ಲಿ ಬಿಟ್ಟಿದ್ದೇನೆ. ಆ ವಿಷಯಗಳಲ್ಲಿ ನನಗೆ ದೂರುಗಳೂ ಇಲ್ಲ. ನಾನು ಬರೆಯಬೇಕೆಂದುಕೊಂಡಿರುವುದು ಅಂಗೈಯಲ್ಲಿ ಅಡಗುವ ಅದರ ಸ್ಮಾರ್ಟ್ ಕೀ ಕುರಿತು. ಈ ಆರು ವರ್ಷಗಳಲ್ಲಿ ಇಡೀ ಕಾರಿನಲ್ಲಿ ನನಗೆ ಅತಿ ಹೆಚ್ಚು ಸುಖ ಕೊಟ್ಟದ್ದೂ ಅದೇ, ಒಂದು ಮಳೆಗಾಲವಿಡೀ ಕಂಗೆಡಿಸಿದ್ದೂ ಅದೇ.

ಕಕ್ಕಡದ, ಅಂದರೆ ಜುಲೈ-ಆಗಸ್ಟ್‌ನ ಕೊಡಗಿನ ಆ ತಿಂಗಳ, ಮಳೆಯಲ್ಲಿ ಮನೆಯಿಂದ ಹೊರಡುವವರಿಗೆ ಮಾತ್ರ ಆ ಸುಖ ಪೂರ್ತಿ ಅರ್ಥವಾದೀತು. ಬೆಳಿಗ್ಗೆ ಏಳೂವರೆಗೆ ಒಂದು ಕೈಯಲ್ಲಿ ಕೊಡೆ, ಇನ್ನೊಂದು ಕೈಯಲ್ಲಿ ಮಗಳ ಶಾಲೆಯ ಚೀಲ ಮತ್ತು ಊಟದ ಡಬ್ಬಿ; ಅಂಗಳದ ಪಾಚಿಗೆ ಕಾಲು ಜಾರದಂತೆ ನೋಡಿಕೊಂಡು ಕಾರಿನ ಬಳಿ ಬಂದರೆ, ರೈನ್‌ಕೋಟಿನೊಳಗಿನ ಅಂಗಿಯ ಜೇಬಿನಲ್ಲಿರುವ ಕೀಯನ್ನು ಮುಟ್ಟುವ ಅಗತ್ಯವೇ ಇಲ್ಲ. ಬಾಗಿಲಿನ ಹಿಡಿಯ ಮೇಲಿರುವ ಕಪ್ಪು ರಬ್ಬರಿನ ಗುಂಡಿಯನ್ನು ಹೆಬ್ಬೆರಳಿನಿಂದ ಒತ್ತಿದರೆ ಸಾಕು, ಕನ್ನಡಿಗಳೆರಡೂ ಸಣ್ಣ ಸದ್ದು ಮಾಡುತ್ತಾ ಬಿಚ್ಚಿಕೊಳ್ಳುತ್ತವೆ, ಮಂಜಿನಲ್ಲಿ ಇಂಡಿಕೇಟರ್ ದೀಪಗಳು ಎರಡು ಬಾರಿ ಮಿನುಗುತ್ತವೆ. ಹಳೆಯ ಕಾರಿನಲ್ಲಿ ಒದ್ದೆ ಬೆರಳುಗಳಿಂದ ಕೀಗೊಂಚಲು ತಡಕಿ, ಕೊಡೆಯನ್ನು ಕುತ್ತಿಗೆಗೆ ಸಿಕ್ಕಿಸಿಕೊಂಡು ಬಾಗಿಲು ತೆರೆಯುವಷ್ಟರಲ್ಲಿ ಮಗಳ ಬೆನ್ನು ತೊಯ್ದುಹೋಗಿರುತ್ತಿತ್ತು. ರಾತ್ರಿ ಕರೆಂಟು ಹೋದಾಗ ಜಗಲಿಯಲ್ಲಿ ನಿಂತು ಕೀಯ ಗುಂಡಿ ಒತ್ತಿದರೆ, ಆ ಮಿನುಗಿನಲ್ಲೇ ಅಂಗಳದ ಮೆಟ್ಟಿಲುಗಳು ಕಾಣಿಸುತ್ತವೆ. ಇವೆಲ್ಲ ಚಿಕ್ಕ ಸಂಗತಿಗಳಾದರೂ ದಿನಕ್ಕೆ ನಾಲ್ಕು ಬಾರಿ ಅನುಭವಕ್ಕೆ ಬರುವಂಥವು.

ಮೂರನೆಯ ಮಳೆಗಾಲದಲ್ಲಿ, ಅಂದರೆ 2022ರ ಜುಲೈನಲ್ಲಿ, ಈ ಕೀ ಮೊದಲ ಬಾರಿ ಕೈಕೊಟ್ಟಿತು. ಭಾಗಮಂಡಲದಲ್ಲಿ ಬಂಧುಗಳ ಮನೆಗೆ ಹೋಗಿದ್ದೆವು. ಅಲ್ಲಿ ಕಾವೇರಿ, ಕನ್ನಿಕೆ ತುಂಬಿ ತ್ರಿವೇಣಿ ಸಂಗಮ ಉಕ್ಕಿದರೆ ನಾಪೋಕ್ಲು ರಸ್ತೆ ನೀರಿನಡಿಯಾಗುತ್ತದೆಂಬುದು ನಮ್ಮ ಕಡೆಯವರೆಲ್ಲರಿಗೂ ಗೊತ್ತಿರುವ ವಿಚಾರ. ಮಧ್ಯಾಹ್ನದ ಊಟ ಮುಗಿಯುವಷ್ಟರಲ್ಲಿ ನೀರು ಏರುತ್ತಿದೆಯೆಂಬ ಸುದ್ದಿ ಬಂತು, ಕೂಡಲೇ ಹೊರಟೆವು. ಕಾರಿನ ಬಳಿ ಬಂದು ಗುಂಡಿ ಒತ್ತಿದರೆ ಸದ್ದಿಲ್ಲ, ಬೆಳಕಿಲ್ಲ. ಕೀಯನ್ನು ಹೊರತೆಗೆದು ಅದರ ಗುಂಡಿಯನ್ನೇ ಒತ್ತಿದರೂ ಏನೂ ಆಗಲಿಲ್ಲ. ಅದಕ್ಕೂ ಎರಡು ವಾರ ಮೊದಲಿಂದ ಕಾರು ಸ್ಟಾರ್ಟ್ ಮಾಡುವಾಗ ಮೀಟರಿನಲ್ಲಿ ಕೀ ಆಕಾರದ ಹಳದಿ ಚಿಹ್ನೆಯೊಂದು ಕ್ಷಣಕಾಲ ಕಾಣಿಸಿಕೊಂಡು ಮರೆಯಾಗುತ್ತಿತ್ತು. ಕೀಯೊಳಗಿನ ಸೆಲ್ ಕ್ಷೀಣಿಸುತ್ತಿದೆ ಎಂಬುದೇ ಅದರ ಅರ್ಥವೆಂದು ನನಗೆ ಆಗ ತಿಳಿದಿರಲಿಲ್ಲ.

ಇಂಥ ಕೀಯ ಬದಿಯಲ್ಲಿ ಒಂದು ಸಣ್ಣ ಕೊಕ್ಕೆ ಇರುತ್ತದೆ. ಅದನ್ನು ಸರಿಸಿದರೆ ಕಿರುಬೆರಳಿನುದ್ದದ ಲೋಹದ ಕೀ ಹೊರಬರುತ್ತದೆ. ಚಾಲಕನ ಬಾಗಿಲಿನಲ್ಲಿ ಅದಕ್ಕೊಂದು ರಂಧ್ರವೂ ಇದೆ. ಮೂರು ವರ್ಷ ಒಮ್ಮೆಯೂ ಬಳಸದ ಆ ಬೀಗ ಬಿಗಿದುಕೊಂಡಿತ್ತು. ಕೀ ಮುರಿದೀತೆಂಬ ಭಯದಲ್ಲಿ ನಿಧಾನವಾಗಿ ಆಡಿಸಿ ಆಡಿಸಿ ತಿರುಗಿಸಬೇಕಾಯಿತು. ಬಾಗಿಲು ತೆರೆದೊಡನೆ ಅಲಾರಂ ಕೂಗತೊಡಗಿ ಮಗಳು ಬೆದರಿದಳು. ರಿಮೋಟಿನಿಂದ ಬೀಗ ಹಾಕಿದ ಕಾರನ್ನು ಲೋಹದ ಕೀಯಿಂದ ತೆರೆದರೆ ಕಳ್ಳನೆಂದೇ ಕಾರು ತಿಳಿಯುತ್ತದೆ. ತನ್ನ ಕೀಯನ್ನು ಗುರುತಿಸಿ ಎಂಜಿನ್ ಶುರುವಾದ ಮೇಲೆಯೇ ಅದು ಸುಮ್ಮನಾಗುವುದು. ಆ ಗದ್ದಲದಲ್ಲಿ ನನ್ನ ಪತ್ನಿ ಡ್ಯಾಶ್‌ಬೋರ್ಡಿನಿಂದ ಕೈಪಿಡಿ ತೆಗೆದು, ಪುಟ ಹುಡುಕಿ, ಗಟ್ಟಿಯಾಗಿ ಓದಿದಳು: ಸೆಲ್ ಸತ್ತ ಕೀಯನ್ನು ಸ್ಟಾರ್ಟ್ ಗುಂಡಿಗೆ ತಾಗಿಸಿ ಹಿಡಿದು, ಕ್ಲಚ್ ತುಳಿದು ಒತ್ತಬೇಕು. ಹಾಗೆಯೇ ಮಾಡಿದೆ. ಎಂಜಿನ್ ಶುರುವಾಯಿತು, ಅಲಾರಂ ನಿಂತಿತು. ರಸ್ತೆಗೆ ನೀರು ಹತ್ತುವ ಮೊದಲೇ ತಗ್ಗು ದಾಟಿದೆವು.

ಸೆಲ್ ಸತ್ತಿದ್ದರೂ ಕಾರು ಕೀಯನ್ನು ಹೇಗೆ ಗುರುತಿಸಿತೆಂದು ಆಮೇಲೆ ಕೇಳಿ ತಿಳಿದುಕೊಂಡೆ. ಆ ಪುಟ್ಟ ಕವಚದೊಳಗೆ ಬೇರೆ ಬೇರೆ ವ್ಯವಸ್ಥೆಗಳಿವೆ. ನಾವು ಬಾಗಿಲಿನ ಗುಂಡಿ ಒತ್ತಿದಾಗ ಕಾರು ಸುಮಾರು 125 ಕಿಲೋಹರ್ಟ್ಸ್‌ನ ದುರ್ಬಲ ಸಂಕೇತದಿಂದ ಹತ್ತಿರದಲ್ಲಿರುವ ಕೀಯನ್ನು ಕರೆಯುತ್ತದೆ. ಕೀ ಅದಕ್ಕೆ 433 ಮೆಗಾಹರ್ಟ್ಸ್ ಆಸುಪಾಸಿನ ರೇಡಿಯೊ ಸಂಕೇತದಲ್ಲಿ ಉತ್ತರಿಸುತ್ತದೆ. ಇದಕ್ಕೆ ಸೆಲ್ ಬೇಕೇ ಬೇಕು. ಇದು ತನ್ನದೇ ಕೀ ಎಂದು ಕಾರಿಗೆ ಗುರುತು ಹೇಳುವ ಇಮ್ಮೊಬಿಲೈಸರ್ ಚಿಪ್ ಎಂಬ ಇನ್ನೊಂದು ಭಾಗಕ್ಕೆ ಮಾತ್ರ ಸ್ವಂತ ಸೆಲ್ಲಿನ ಹಂಗಿಲ್ಲ; ಸ್ಟಾರ್ಟ್ ಗುಂಡಿಯ ಹಿಂದಿರುವ ತಂತಿಯ ಸುರುಳಿಯಿಂದಲೇ ಅದು ತನಗೆ ಬೇಕಾದ ಅಲ್ಪ ವಿದ್ಯುತ್ತನ್ನು ಪಡೆಯುತ್ತದೆ. ಆದ್ದರಿಂದಲೇ ಕೀಯನ್ನು ಅಷ್ಟು ಹತ್ತಿರ ಹಿಡಿಯಬೇಕಾದದ್ದು. ಎಲ್ಲ ಕಾರುಗಳಲ್ಲೂ ಆ ಜಾಗ ಒಂದೇ ಅಲ್ಲ. ಕೆಲವದರಲ್ಲಿ ಸ್ಟಿಯರಿಂಗಿನ ಪಕ್ಕದಲ್ಲಿ, ಕೆಲವದರಲ್ಲಿ ಲೋಟ ಇಡುವ ಗೂಡಿನಲ್ಲಿ ಇರುತ್ತದೆ. ತಮ್ಮ ಕಾರಿನಲ್ಲಿ ಅದು ಎಲ್ಲಿದೆಯೆಂದು ಬಿಸಿಲಿರುವ ದಿನವೇ ನೋಡಿಟ್ಟುಕೊಳ್ಳಿರೆಂದು ನನ್ನ ಕೋರಿಕೆ.

ಮರುದಿನ ಹೊಸ ಸೆಲ್ ಹಾಕಿದೆ. ಕೀಯನ್ನು ಬಿಡಿಸಿದರೆ ಒಳಗಿನ ಸೆಲ್ಲಿನ ಮೇಲೆ ಸಿಆರ್2032 ಎಂದು ಬರೆದಿತ್ತು. ಅಂಗಡಿಯಲ್ಲಿ ಅದು ಮುಗಿದಿದ್ದರಿಂದ ಸಿಆರ್2025 ಕೊಟ್ಟು, ಇದೂ ಅದೇ, ಮೂರು ವೋಲ್ಟಿನದೇ ಎಂದರು. ವೋಲ್ಟಿನ ಮಾತು ನಿಜ, ಆದರೆ ಆ ಅಂಕಿಗಳು ಅಳತೆಯನ್ನು ಹೇಳುತ್ತವೆ: ಎರಡರ ವ್ಯಾಸವೂ 20 ಮಿಲಿಮೀಟರ್, ದಪ್ಪ ಮಾತ್ರ ಒಂದರದು 3.2, ಇನ್ನೊಂದರದು 2.5 ಮಿಲಿಮೀಟರ್. ಆ ವ್ಯತ್ಯಾಸದಿಂದಾಗಿ ಸೆಲ್ ಗೂಡಿನಲ್ಲಿ ಸಡಿಲವಾಗಿ ಕುಳಿತು, ಕೀಯನ್ನು ಅಂಗೈಗೆ ಕುಟ್ಟಿದರೆ ಕೆಲಸ ಮಾಡುವುದು, ಜೇಬಿಗೆ ಹಾಕಿದರೆ ನಿಲ್ಲುವುದು ಹೀಗೆ ಮೂರು ದಿನ ಕಾಡಿತು. ಮಡಿಕೇರಿಯಿಂದ ಸರಿಯಾದ ಸೆಲ್ ತಂದ ಮೇಲೆ ಎಲ್ಲವೂ ಮೊದಲಿನಂತಾಯಿತು. ಹಾಗೆ ಇದ್ದದ್ದು ಹದಿನೈದು ದಿನ ಮಾತ್ರ.

ಇಲ್ಲಿಂದ ಮುಂದೆ ಈ ಕೀ ಮೇಲಿನ ನನ್ನ ಪ್ರೀತಿ ಕಹಿಯಾಗತೊಡಗಿತು. ಬೆಳಿಗ್ಗೆ ಸತ್ತಂತಿರುತ್ತಿದ್ದ ಕೀ ಮಧ್ಯಾಹ್ನ ತಾನಾಗಿಯೇ ಚೇತರಿಸಿಕೊಳ್ಳುತ್ತಿತ್ತು. ಚಳಿಗೆ ಹೀಗಾಗುತ್ತದೆಂದು ಹಲವರು ಹೇಳಿದರು. ಮಡಿಕೇರಿಯ ಎತ್ತರವನ್ನು ಗಣನೆಗೆ ತೆಗೆದುಕೊಂಡರೂ ನಮ್ಮ ಮಳೆಗಾಲದ ಚಳಿ ಲಿಥಿಯಂ ಸೆಲ್ಲನ್ನು ಮಲಗಿಸುವಷ್ಟು ತೀವ್ರವಲ್ಲ. ಸೊನ್ನೆಗಿಂತ ಕೆಳಗಿನ ಉಷ್ಣಾಂಶದಲ್ಲೂ ಕೆಲಸ ಮಾಡುವಂತೆ ಅದನ್ನು ತಯಾರಿಸಿರುತ್ತಾರೆ. ದೋಷ ಕೀಯದೋ ಕಾರಿನದೋ ಎಂದು ತಿಳಿಯಲು ಎರಡನೆಯ ಕೀಯಿಂದ ಪರೀಕ್ಷಿಸುವುದು ಸರಿಯಾದ ಕ್ರಮ, ನಾನೂ ಹಾಗೆಯೇ ಮಾಡಿದೆ. ಕಪಾಟಿನಲ್ಲಿ ಮೂರು ವರ್ಷ ಮಲಗಿದ್ದ ಆ ಕೀಯೂ ಕಾರನ್ನು ತೆರೆಯಲಿಲ್ಲ. ಎರಡೂ ಕೆಲಸ ಮಾಡದಿದ್ದರೆ ತೊಂದರೆ ಕಾರಿನಲ್ಲೇ ಇರಬೇಕೆಂದು ನಾವು ತೀರ್ಮಾನಿಸಿದ್ದು ಸಹಜ. ಆದರೆ ಸ್ಮಾರ್ಟ್ ಕೀ ಕಪಾಟಿನಲ್ಲಿದ್ದಾಗಲೂ ಕಾರಿನ ಕರೆಗೆ ಕಿವಿಗೊಟ್ಟೇ ಇರುತ್ತದೆ, ಬಳಸದಿದ್ದರೂ ಅದರ ಸೆಲ್ ಸವೆಯುತ್ತಾ ಹೋಗುತ್ತದೆ. ಅದಕ್ಕೂ ಹೊಸ ಸೆಲ್ ಹಾಕಿ ನೋಡಿದ್ದರೆ ಮುಂದಿನ ಅಲೆದಾಟವೇ ತಪ್ಪುತ್ತಿತ್ತು.

ಸರ್ವೀಸ್ ಸೆಂಟರಿನಲ್ಲಿ ಅರ್ಧ ದಿನ ಕಾಯಿಸಿ, ರಿಮೋಟ್ ಪೂರ್ತಿ ಹೋಗಿದೆ, ಹೊಸದನ್ನು ತರಿಸಿ ಪ್ರೋಗ್ರಾಮ್ ಮಾಡಬೇಕು, 13,500 ರೂಪಾಯಿ ಆಗುತ್ತದೆ ಎಂದರು. ಅದಾದ ಮೇಲೂ ಸರಿಯಾಗದಿದ್ದರೆ ಕಾರಿನೊಳಗಿನ ರಿಸೀವರ್ ನೋಡಬೇಕಂತೆ. ಕೀಯನ್ನು ಬಿಡಿಸಿ ಒಳಗೆ ಕಣ್ಣು ಹಾಯಿಸಿದವರು ಅಲ್ಲಿ ಒಬ್ಬರೂ ಇರಲಿಲ್ಲ. ಕಾಫಿ ಮಾರಿದ ಹಣ ವರ್ಷಕ್ಕೊಮ್ಮೆ ಕೈಸೇರುವ ನಮ್ಮಂಥವರಿಗೆ ಆಗಸ್ಟ್ ಎಂದರೆ ಗೊಬ್ಬರ, ಕಳೆ ತೆಗೆಸುವ ಕೂಲಿ, ಕರಿಮೆಣಸಿನ ಬಳ್ಳಿಗೆ ಬೋರ್ಡೋ ಸಿಂಪಡಣೆ ಎಂದು ಬರೀ ಖರ್ಚಿನ ತಿಂಗಳು. ಒಂದು ಕೀಗೆ ಅಷ್ಟು ಹಣವೆಂದರೆ ನನಗೆ ನಿಜಕ್ಕೂ ಸಿಟ್ಟು ಬಂತು. ಮುಂದಿನ ಕಾರು ಕೊಂಡರೆ ಮಾಮೂಲಿ ಕೀ ಇರುವ ಕಡಿಮೆ ಬೆಲೆಯ ಮಾದರಿಯನ್ನೇ ಕೊಳ್ಳುವುದೆಂದು ಅಂದು ದಾರಿಯುದ್ದಕ್ಕೂ ಪತ್ನಿಗೆ ಹೇಳುತ್ತಾ ಬಂದೆ.

ಸಮಸ್ಯೆ ಬಗೆಹರಿದದ್ದು ಮಡಿಕೇರಿಯ ಒಂದು ಮೊಬೈಲ್ ರಿಪೇರಿ ಅಂಗಡಿಯಲ್ಲಿ. ಪತ್ನಿಯ ಫೋನಿನ ಗಾಜು ಬದಲಾಯಿಸಲು ಹೋದಾಗ ಕೀಯನ್ನೂ ಆ ಹುಡುಗನ ಮುಂದಿಟ್ಟೆ. ಅವನು ಮೊದಲು ಕೀಯ ಮೇಲಿನ ಸಿಲಿಕೋನ್ ಕವರನ್ನು ಸುಲಿದ. ಮಳೆಯಿಂದ ರಕ್ಷಣೆಯಾಗಲೆಂದು ನಾನೇ ಹಾಕಿಸಿದ್ದ ಆ ಕವರಿನ ಒಳಮೈಯಲ್ಲಿ ನೀರಿನ ಹನಿಗಳು ಸಾಲಾಗಿ ಕೂತಿದ್ದವು. ಕವಚ ಬಿಡಿಸಿ, ಸೆಲ್ ತೆಗೆದು, ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ನೋಡಿ, “ಸಾರ್, ರಿಮೋಟ್ ಹೋಗಿಲ್ಲ, ಕಿಲುಬು ಹಿಡಿದಿದೆ ಅಷ್ಟೆ, ನೀವೇ ನೋಡಿ” ಎಂದ. ಸೆಲ್ಲಿಗೆ ತಾಗುವ ಪುಟ್ಟ ಲೋಹದ ನಾಲಗೆಯ ತುದಿಯಲ್ಲಿ, ನಾವು ಬೋರ್ಡೋ ದ್ರಾವಣಕ್ಕೆ ಕರಗಿಸುವ ಮೈಲುತುತ್ತದ ನೀಲಿ ಬಣ್ಣವೇ ಕಾಣಿಸಿತು. ಸಾಸಿವೆ ಕಾಳಿಗಿಂತ ಚಿಕ್ಕದಾದ ಆ ಕಲೆ ಸೆಲ್ಲಿನಿಂದ ಬರುವ ವಿದ್ಯುತ್ತಿಗೆ ಅಡ್ಡ ನಿಂತಿತ್ತು. ಬಿಸಿಲು ಬಂದು ತೇವ ಆರಿದಾಗ ಅಷ್ಟಿಷ್ಟು ಹರಿಯುತ್ತಿತ್ತು. ಅವನು ಐಸೊಪ್ರೊಪೈಲ್ ಆಲ್ಕೋಹಾಲಿನಲ್ಲಿ ಅದ್ದಿದ ಮೆದು ಬ್ರಶ್ಶಿನಿಂದ ಅದನ್ನು ಉಜ್ಜಿ, ಚಿಮಟದಿಂದ ನಾಲಗೆಯನ್ನು ಕೂದಲೆಳೆಯಷ್ಟು ಮೇಲೆತ್ತಿ, ದೀಪದ ಕೆಳಗೆ ಆರಲು ಬಿಟ್ಟ. ಹಳೆಯ ಸೆಲ್ಲನ್ನು ಮೀಟರಿಗೆ ಹಿಡಿದಾಗ ಮೂರು ವೋಲ್ಟ್ ತೋರಿಸಿತು. ಮೀಟರ್ ಸರಿ ತೋರಿಸಿದರೂ ಕೆಲಸದ ಹೊರೆ ಬಿದ್ದಾಗ ದಣಿದ ಸೆಲ್ ಕುಸಿಯಬಹುದು, ಆದ್ದರಿಂದ ಅಂಕಿಯನ್ನಷ್ಟೇ ನಂಬಬಾರದೆಂದು ಹೇಳಿ ಹೊಸದನ್ನೇ ಹಾಕಿದ. ಎರಡನೆಯ ಕೀಗೂ ಸೆಲ್ ಬದಲಾಯಿಸಿಕೊಟ್ಟ. ಸೆಲ್ಲುಗಳ ಬೆಲೆ ಬಿಟ್ಟು ಅವನು ತೆಗೆದುಕೊಂಡದ್ದು ನೂರು ರೂಪಾಯಿ. ಅಂಗಡಿಯ ಕಿಟಕಿಯಿಂದಲೇ ಗುಂಡಿ ಒತ್ತಿದೆ. ಕೆಳಗೆ ರಸ್ತೆಯಂಚಿನಲ್ಲಿ ನಮ್ಮ ಕಾರು ಎರಡು ಬಾರಿ ಮಿನುಗಿತು.

ಅಂದಿನಿಂದ ಮನೆಯಲ್ಲಿ ಕೆಲವು ಅಭ್ಯಾಸಗಳು ಬದಲಾದವು. ಮೊದಲೆಲ್ಲ ರೈನ್‌ಕೋಟನ್ನು ಕೀ ಸಮೇತ ಅಡುಗೆಮನೆಯ ಒಲೆಯ ಮೇಲಿನ ಹಗ್ಗಕ್ಕೆ ಒಣಹಾಕುತ್ತಿದ್ದೆ. ಆ ಬೆಚ್ಚನೆಯ ಹಬೆ ಕೀಯೊಳಗೆ ಹೊಕ್ಕು, ರಾತ್ರಿ ತಣಿದು ನೀರಾಗುತ್ತಿತ್ತು. ಒಣಗಿದ ಕೋಟಿನಿಂದ ತೆಗೆದ ಕೀಯನ್ನು ಜಗಲಿಯ ಮೊಳೆಗೆ ತೂಗುಹಾಕುವುದೂ ರೂಢಿಯಾಗಿತ್ತು. ಗೋಡೆಯ ಆಚೆ ಬದಿಯಲ್ಲೇ ಕಾರು ನಿಲ್ಲುವುದರಿಂದ ಎರಡೂ ಒಂದನ್ನೊಂದು ಕರೆಯುತ್ತಾ ಸೆಲ್ ಬೇಗ ಖಾಲಿಯಾಗುವ ಸಾಧ್ಯತೆಯಿದೆಯೆಂದು, ಕೀಯನ್ನು ಕಾರಿನಿಂದ ದೂರವಿಡಬೇಕೆಂದು ಕೈಪಿಡಿಯಲ್ಲೇ ಬರೆದಿದೆ. ಈಗ ಅದರ ಜಾಗ ಒಳಕೋಣೆಯ ಬಿಗಿ ಮುಚ್ಚಳದ ಡಬ್ಬಿ. ಡಬ್ಬಿಯಲ್ಲಿ ಶೂ ಪೆಟ್ಟಿಗೆಗಳಲ್ಲಿ ಬರುವ ಸಿಲಿಕಾ ಜೆಲ್ ಪೊಟ್ಟಣಗಳಿವೆ. ಒಲೆಯ ಬಳಿಯ ಹದ ಬಿಸಿಯಲ್ಲಿ ಆಗಾಗ ಒಣಗುವುದು ಈಗ ಕೀಯಲ್ಲ, ಆ ಪೊಟ್ಟಣಗಳು. ಸಿಲಿಕೋನ್ ಕವರ್ ಮತ್ತೆ ಹಾಕಿಲ್ಲ. ಲೋಹದ ಕೀಯಿಂದ ತಿಂಗಳಿಗೊಮ್ಮೆ ಬಾಗಿಲು ತೆರೆದು ಹಾಕುತ್ತೇನೆ. ಬೀಗಕ್ಕೆ ಜಿಡ್ಡಿನ ಎಣ್ಣೆ ಬಿಡದೆ ಗ್ರಾಫೈಟ್ ಪುಡಿ ಹಾಕಿಸಿದ್ದೇನೆ.

ತೆಗೆದ ಹಳೆಯ ಸೆಲ್ಲುಗಳ ಬಗ್ಗೆ ಪುಟ್ಟ ಮಕ್ಕಳಿರುವ ಮನೆಯವರಿಗೆ ಒಂದು ಮಾತು ಹೇಳಲೇಬೇಕು. ನಾಣ್ಯದಂತೆ ಹೊಳೆಯುವ ಈ ಸೆಲ್ಲನ್ನು ಮಗು ನುಂಗಿದರೆ ಅದು ಅನ್ನನಾಳದಲ್ಲಿ ಸಿಕ್ಕಿಕೊಂಡು ಎರಡು ಗಂಟೆಯೊಳಗೆ ಗಂಭೀರ ಸುಟ್ಟಗಾಯ ಮಾಡಬಲ್ಲದು. ಶಕ್ತಿ ಮುಗಿದ ಸೆಲ್ಲಿನಿಂದಲೂ ಆ ಅಪಾಯ ತಪ್ಪಿದ್ದಲ್ಲ. ಅನುಮಾನ ಬಂದರೂ ಸಾಕು, ಕಾಯದೆ ಆಸ್ಪತ್ರೆಗೆ ಓಡಬೇಕು. ನಾವು ಹಳೆಯದಕ್ಕೆ ಎರಡೂ ಬದಿ ಟೇಪ್ ಸುತ್ತಿ ಎತ್ತರದಲ್ಲಿಟ್ಟು, ಊರಿಗೆ ಹೋದಾಗ ಇ-ತ್ಯಾಜ್ಯಕ್ಕೆ ಕೊಡುತ್ತೇವೆ.

ತಯಾರಕರ ಬಗ್ಗೆ ನನ್ನ ಅಸಮಾಧಾನ ಪೂರ್ತಿ ಹೋಗಿಲ್ಲ. ಇಷ್ಟು ಬೆಲೆಯ ಕೀಯ ಕವಚದ ಅಂಚಿಗೆ ತೆಳ್ಳನೆಯ ಒಂದು ರಬ್ಬರ್ ಸುತ್ತು ಕೊಟ್ಟಿದ್ದರೆ ಇದಾವುದೂ ಆಗುತ್ತಿರಲಿಲ್ಲ. ನಮ್ಮ ಕೀಯಲ್ಲಿ ಪ್ಲಾಸ್ಟಿಕ್ಕಿನ ಎರಡು ಹೋಳುಗಳು ನೇರ ಕೂಡುತ್ತವೆ, ನಡುವೆ ಏನೂ ಇಲ್ಲ. ಕಾರು ಕೊಡುವ ದಿನ ಹಾರ ಹಾಕಿ ಫೋಟೊ ತೆಗೆದವರು ಲೋಹದ ಕೀ ಎಲ್ಲಿದೆಯೆಂದು ತೋರಿಸಲು ಎರಡು ನಿಮಿಷ ಕೊಡಬಹುದಿತ್ತು. ಕೈಪಿಡಿ ಕನ್ನಡದಲ್ಲಿ ಇಲ್ಲದಿರುವುದೂ ಕೊರತೆಯೇ. ತೋಟದ ಕೆಲಸಕ್ಕೆ ಕಾರು ಓಡಿಸುವ ನಮ್ಮ ಡ್ರೈವರ್‌ಗೆ ಆ ಪುಟವನ್ನು ನಾನೇ ಕನ್ನಡದಲ್ಲಿ ಬರೆದು ಡ್ಯಾಶ್‌ಬೋರ್ಡಿನಲ್ಲಿ ಇಟ್ಟಿದ್ದೇನೆ. ಹೀಗಿದ್ದರೂ ಮಾಮೂಲಿ ಕೀಗೆ ಮರಳುವ ಮಾತನ್ನು ಹಿಂದೆ ತೆಗೆದುಕೊಂಡಿದ್ದೇನೆ. ಸುರಿಯುವ ಮಳೆಯಲ್ಲಿ ಎರಡೂ ಕೈ ತುಂಬಿರುವಾಗ ಹೆಬ್ಬೆರಳೊಂದರಿಂದ ತೆರೆಯುವ ಬಾಗಿಲನ್ನು ಬಿಟ್ಟುಕೊಡಲು ಮನಸ್ಸಿಲ್ಲ.

ಮಳೆ ಹಿಡಿಯುವ ಮೊದಲು, ಜೂನ್ ಮೊದಲ ವಾರದಲ್ಲಿ, ಎರಡೂ ಕೀಗಳ ಸೆಲ್ ಬದಲಾಯಿಸಿ, ಲೋಹದ ನಾಲಗೆಯನ್ನು ಒರೆಸಿ, ಕವಚದ ಒಳಬದಿಗೆ ಅಂಟಿಸಿದ ಚೀಟಿಯಲ್ಲಿ ತಾರೀಕು ಬರೆಯುತ್ತೇನೆ. ಚೀಟಿಯಲ್ಲಿ ಈಗ 2023, 2024, 2025 ಎಂದು ಮೂರು ಸಾಲುಗಳಿವೆ. ಈ ಸಲ ತೆರೆದಾಗಲೂ ನಾಲಗೆಯ ತುದಿ ಬೆಳ್ಳಗೆ ಹೊಳೆಯುತ್ತಿತ್ತು.