ಜನೆಟ್ ರ‍್ಯಾಂಕಿನ್ ಆಡಿಯೋ ಪಾಠ: ವಿಷಯಕ್ಕೆ ನಾಲ್ಕು ಸ್ಟಾರ್, ಆ್ಯಪ್‌ಗೆ ಎರಡು

ಪರೀಕ್ಷೆ ತಯಾರಿಯ ಆ್ಯಪ್ ಒಂದರಲ್ಲಿ ಸಿಕ್ಕಿದ ಪಾಠ ಇದು. ಬಳ್ಳಾರಿಯಿಂದ ಸಂಡೂರಿಗೆ ಬಸ್ಸಲ್ಲಿ ಹೋಗುವಾಗ ಕೇಳಿದೆ. ರ‍್ಯಾಂಕಿನ್ ಅಮೆರಿಕದ ಸಂಸತ್ತಿಗೆ ಆರಿಸಿ ಬಂದ ಮೊದಲ ಮಹಿಳೆ. 1916ರಲ್ಲಿ ಮೊಂಟಾನಾದಿಂದ ಗೆದ್ದರು, ಆಗ ಎಷ್ಟೋ ರಾಜ್ಯಗಳಲ್ಲಿ ಹೆಂಗಸರಿಗೆ ಮತದ ಹಕ್ಕೇ ಇರಲಿಲ್ಲ!

1917ರಲ್ಲಿ ಜರ್ಮನಿ ಮೇಲೆ ಯುದ್ಧ ಬೇಡ ಎಂದ 50 ಸದಸ್ಯರಲ್ಲಿ ಇವರೂ ಒಬ್ಬರು. 1941ರಲ್ಲಿ ಜಪಾನ್ ಮೇಲೆ ಯುದ್ಧ ಸಾರುವ ವಿಷಯ ಬಂದಾಗ ಯುದ್ಧ ಬೇಕು ಎಂದ 388 ಮತ ಒಂದು ಕಡೆ, ಬೇಡ ಎಂದ ಇವರದೊಂದೇ ಇನ್ನೊಂದು ಕಡೆ. ಜನ ಸಿಟ್ಟಿನಿಂದ ಮುತ್ತಿಕೊಂಡಾಗ ಟೆಲಿಫೋನ್ ಬೂತಿನೊಳಗೆ ಸೇರಿಕೊಂಡು ಪೊಲೀಸರನ್ನು ಕರೆಸಬೇಕಾಯಿತು. ಈ ಭಾಗ ತುಂಬಾ ಚೆನ್ನಾಗಿ ಹೇಳಿದ್ದಾರೆ.

ನನಗೆ ಜಾಸ್ತಿ ಹಿಡಿಸಿದ್ದು ಗಣಿಯ ಕಥೆ. 1917ರಲ್ಲಿ ಮೊಂಟಾನಾದ ಬ್ಯೂಟ್ ಎಂಬ ಊರಿನ ತಾಮ್ರದ ಗಣಿಗೆ ಬೆಂಕಿ ಬಿದ್ದು 160ಕ್ಕೂ ಹೆಚ್ಚು ಕಾರ್ಮಿಕರು ಸತ್ತರು, ಆಮೇಲೆ ಮುಷ್ಕರ ಶುರುವಾಯಿತು, ರ‍್ಯಾಂಕಿನ್ ಕಾರ್ಮಿಕರ ಪರ ನಿಂತು ದೊಡ್ಡ ಗಣಿ ಕಂಪನಿಯನ್ನೇ ಎದುರು ಹಾಕಿಕೊಂಡರು. ಅದು ಎಂಥಾ ಧೈರ್ಯ ಅಂತ ನಮ್ಮ ಜಿಲ್ಲೆಯವರಿಗೆ ಬಿಡಿಸಿ ಹೇಳಬೇಕಾ? ಆದರೆ ಪಾಠದಲ್ಲಿ ಇದನ್ನು ಸುಮ್ನೆ ತೇಲಿಸಿ ಬಿಟ್ಟಿದ್ದಾರೆ. ಗಾಂಧೀಜಿ ವಿಚಾರಕ್ಕೆ ಮಾರುಹೋಗಿ ಇವರು ಭಾರತಕ್ಕೆ ಹಲವು ಸಲ ಬಂದಿದ್ದರಲ್ವಾ, ಅದಂತೂ ಇಲ್ಲವೇ ಇಲ್ಲ.

ಇನ್ನು ಆ್ಯಪ್. ದುಡ್ಡು ಕೊಟ್ಟ ಮೇಲೂ ಜಾಹೀರಾತು, ಡೌನ್‌ಲೋಡ್ ಇಲ್ಲ, ತೋರಣಗಲ್ಲು ದಾಟಿ ಸಿಗ್ನಲ್ ಹೋದರೆ ಪಾಠ ಮತ್ತೆ ಮೊದಲಿಂದ. ವೈಫೈ ಇದ್ದವರು ಮನೆಯಲ್ಲೇ ಕೇಳಿ.